ಉದ್ಯೋಗದ ಸಂಕೇತ ಹುಡುಕುವುದು, ವೃತ್ತಿಯ ದಾರಿ ತೋರಿಸುವುದು: ಬಳ್ಳಾರಿ, ರಾಯಚೂರು, ಕೊಪ್ಪಳದ ಮಾರ್ಗದರ್ಶಕರಿಗೆ ಕೈಪಿಡಿ

ಬಳ್ಳಾರಿಯಲ್ಲಿ ‘ಏನ್ ಕೆಲಸ ಮಾಡ್ತೀರಿ’ ಅಂತ ಕೇಳಿದರೆ ‘ಜೀನ್ಸ್ ಕೆಲಸ’ ಅನ್ನುವವರು ಬಹಳ. ಬಟ್ಟೆ ಕತ್ತರಿಸುವವರು, ಜೇಬು ಕೂಡಿಸುವವರು, ವಾಷಿಂಗ್ ಘಟಕದಲ್ಲಿ ನಿಲ್ಲುವವರು, ಬಂಡಲ್ ಹೊರುವವರು, ಎಲ್ಲರ ಉತ್ತರವೂ ಒಂದೇ. ಗಂಗಾವತಿಗೆ ಹೋದರೆ ಅದು ‘ಮಿಲ್ ಕೆಲಸ’, ತೋರಣಗಲ್ಲಿನಲ್ಲಿ ‘ಫ್ಯಾಕ್ಟರಿ’, ಹಟ್ಟಿಯಲ್ಲಿ ‘ಮೈನ್ಸ್’. ಮಾತಿಗೆ ಇಷ್ಟು ಸಾಕು. ಆದರೆ ಹತ್ತನೇ ತರಗತಿ ಮುಗಿಸಿದ ಹುಡುಗಿಗೆ ಮುಂದೇನು ಓದಬೇಕೆಂದು ಹೇಳಲು, ಉದ್ಯೋಗ ವಿನಿಮಯ ಕಚೇರಿಯ ಅರ್ಜಿ ತುಂಬಲು, ಕಾಲೇಜಿನ ಪ್ಲೇಸ್‌ಮೆಂಟ್ ವರದಿ ಬರೆಯಲು ಇಷ್ಟು ಸಾಲದು. ಅಲ್ಲಿ ಬೇಕಾಗುವುದು ಕೆಲಸದ ಸರಿಯಾದ ವಿವರಣೆ, ಅದಕ್ಕೆ ಅಂಟಿದ ಸಂಕೇತ, ಆ ಕೆಲಸಕ್ಕೆ ಹೋಗುವ ದಾರಿ.

ಇವು ಮೂರೂ ಬೇರೆ ಬೇರೆ ಕಡೆ ಸಿಗುತ್ತವೆ. ಒಂದೊಂದು ಆಕರವೂ ಒಂದೊಂದು ಪ್ರಶ್ನೆಗೆ ಮಾತ್ರ ಉತ್ತರ ಕೊಡುತ್ತದೆ. ಒಂದರ ಉತ್ತರವನ್ನು ಇನ್ನೊಂದರಲ್ಲಿ ಹುಡುಕುವುದರಿಂದಲೇ ಮುಕ್ಕಾಲು ಪಾಲು ತಪ್ಪುಗಳು ಆಗುತ್ತವೆ. ಇಲ್ಲಿರುವುದು ಐಟಿಐ, ಪಿಯು ಮತ್ತು ಪದವಿ ಕಾಲೇಜಿನ ಪ್ಲೇಸ್‌ಮೆಂಟ್ ನೋಡಿಕೊಳ್ಳುವವರಿಗೆ, ಪ್ರೌಢಶಾಲೆಯ ಶಿಕ್ಷಕರಿಗೆ, ಗ್ರಾಮ ಪಂಚಾಯಿತಿಯ ಅರಿವು ಕೇಂದ್ರದಲ್ಲಿ ಕೂರುವವರಿಗೆ ಕೆಲಸಕ್ಕೆ ಬರುವಷ್ಟು.

ಉದ್ಯಮ ಬೇರೆ, ಉದ್ಯೋಗ ಬೇರೆ

ಮೊದಲು ಎರಡು ಪಟ್ಟಿಗಳನ್ನು ತಲೆಯಲ್ಲಿ ಬೇರೆ ಮಾಡಿಕೊಳ್ಳಿ. ಎನ್‌ಐಸಿ 2008 ಎಂಬುದು ಉದ್ಯಮಗಳ ವರ್ಗೀಕರಣ. ಆ ಸಂಸ್ಥೆ ಏನು ಮಾಡುತ್ತದೆ ಎಂದಷ್ಟೇ ಅದು ಹೇಳುತ್ತದೆ. ಐದು ಅಂಕಿಯ ಸಂಕೇತ: ಅಕ್ಕಿ ಗಿರಣಿ 10612, ಹತ್ತಿ ಜಿನ್ನಿಂಗ್ 01632, ಕಬ್ಬಿಣದ ಅದಿರಿನ ಗಣಿ 07100, ಕಲ್ಲಿದ್ದಲಿನ ಶಾಖೋತ್ಪನ್ನ ವಿದ್ಯುತ್ 35102. ಸಣ್ಣ ಉದ್ದಿಮೆಗಳ ಸರ್ಕಾರಿ ನೋಂದಣಿಯಾದ ‘ಉದ್ಯಮ್’ ಮಾಡಿಸುವಾಗ ಕೇಳುವುದು ಇದನ್ನು.

ಎನ್‌ಸಿಒ 2015 ಉದ್ಯೋಗಗಳ ವರ್ಗೀಕರಣ. ಒಬ್ಬ ಮನುಷ್ಯ ದಿನವಿಡೀ ಕೈಯಿಂದ, ತಲೆಯಿಂದ ಏನು ಮಾಡುತ್ತಾನೆ ಎಂಬುದು ಇದರಲ್ಲಿರುತ್ತದೆ. ಅವನು ಯಾವ ಕಂಪನಿಯಲ್ಲಿದ್ದಾನೆ ಎಂಬುದು ಇದಕ್ಕೆ ಬೇಕಿಲ್ಲ. ಅಕ್ಕಿ ಗಿರಣಿಯ ಲೆಕ್ಕ ಬರೆಯುವವರೂ ಆಸ್ಪತ್ರೆಯ ಲೆಕ್ಕ ಬರೆಯುವವರೂ ಎನ್‌ಸಿಒದಲ್ಲಿ ಒಂದೇ ಕಡೆ, ಎನ್‌ಐಸಿಯಲ್ಲಿ ಬೇರೆ ಬೇರೆ ಕಡೆ ಬರುತ್ತಾರೆ. ವಿದ್ಯಾರ್ಥಿಗಳ ಸಮೀಕ್ಷೆಯಲ್ಲಿ ‘ತಂದೆಯ ಉದ್ಯೋಗ’ ಎಂಬ ಕಾಲಂಗೆ ಉದ್ಯಮದ ಸಂಕೇತ ತುಂಬಿಬಿಟ್ಟರೆ ಹಮಾಲಿಯೂ ಮಿಲ್ ಮಾಲೀಕರೂ ಒಂದೇ ಸಾಲಿಗೆ ಬೀಳುತ್ತಾರೆ. ನೆನಪಿಟ್ಟುಕೊಳ್ಳಲು ಒಂದು ಗುರುತು: ಎನ್‌ಐಸಿ ಐದು ಅಂಕಿ, ನಡುವೆ ಚುಕ್ಕೆ ಇಲ್ಲ, ಎನ್‌ಸಿಒ ಎಂಟು ಅಂಕಿ, ನಾಲ್ಕರ ನಂತರ ಚುಕ್ಕೆ.

ಎಂಟು ಅಂಕಿ ಓದುವ ಬಗೆ

ಎನ್‌ಸಿಒ 2015 ಕೇಂದ್ರ ಕಾರ್ಮಿಕ ಸಚಿವಾಲಯದ ಪ್ರಕಟಣೆ. ಸುಮಾರು 3,600 ಉದ್ಯೋಗಗಳಿವೆ. ಮೊದಲ ಸಂಪುಟದಲ್ಲಿ ವಿಧಾನ ಮತ್ತು ಹಳೆ-ಹೊಸ ಸಂಕೇತಗಳ ಹೊಂದಾಣಿಕೆ ಪಟ್ಟಿ, ಎರಡು ಭಾಗಗಳಲ್ಲಿರುವ ಎರಡನೇ ಸಂಪುಟದಲ್ಲಿ ಒಂದೊಂದು ಉದ್ಯೋಗದ ವಿವರಣೆ. ಪಿಡಿಎಫ್ ಉಚಿತ. ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಯ ಐಎಸ್‌ಸಿಒ 08 ಇದರ ತಳಹದಿಯಾದ್ದರಿಂದ ಮೊದಲ ನಾಲ್ಕು ಅಂಕಿಗಳನ್ನು ಹಿಡಿದು ಬೇರೆ ದೇಶದ ಮಾಹಿತಿಯನ್ನೂ ಹುಡುಕಬಹುದು.

7411.0100 ತೆಗೆದುಕೊಳ್ಳಿ. ಇದು ಸಾಮಾನ್ಯ ಎಲೆಕ್ಟ್ರಿಷಿಯನ್. ಮೊದಲ 7 ವಿಭಾಗ, ಅಂದರೆ ಕುಶಲಕರ್ಮಿಗಳು. 74 ಉಪವಿಭಾಗ, ವಿದ್ಯುತ್ ಮತ್ತು ಎಲೆಕ್ಟ್ರಾನಿಕ್ಸ್ ಕೆಲಸಗಳು. 741 ಗುಂಪು. 7411 ಕುಟುಂಬ, ಕಟ್ಟಡದ ವೈರಿಂಗ್ ಮಾಡುವವರು. ಚುಕ್ಕೆಯ ನಂತರದ ನಾಲ್ಕು ಅಂಕಿ ಆ ಕುಟುಂಬದೊಳಗಿನ ನಿರ್ದಿಷ್ಟ ಉದ್ಯೋಗ. ಕೊನೆಯ ಎರಡು ಅಂಕಿ 00 ಆಗಿದ್ದರೆ ಅದು 2004ರ ಪಟ್ಟಿಯಿಂದ ಬಂದ ಹೆಸರು. ಬೇರೇನಾದರೂ ಇದ್ದರೆ ಕೌಶಲ ಅರ್ಹತೆಗಳ ಕಡೆಯಿಂದ ಸೇರಿದ್ದು.

ಒಂಬತ್ತು ವಿಭಾಗಗಳನ್ನು ಬಾಯಿಪಾಠ ಮಾಡಿಕೊಂಡರೆ ಅರ್ಧ ಕೆಲಸ ಮುಗಿದ ಹಾಗೆ. 1 ವ್ಯವಸ್ಥಾಪಕರು ಮತ್ತು ಹಿರಿಯ ಅಧಿಕಾರಿಗಳು, 2 ವೃತ್ತಿಪರರು, 3 ತಂತ್ರಜ್ಞರು ಮತ್ತು ಸಹಾಯಕ ವೃತ್ತಿಪರರು, 4 ಗುಮಾಸ್ತರು, 5 ಸೇವೆ ಮತ್ತು ಮಾರಾಟ, 6 ಕೃಷಿ ಮತ್ತು ಮೀನುಗಾರಿಕೆಯ ನುರಿತವರು, 7 ಕುಶಲಕರ್ಮಿಗಳು, 8 ಯಂತ್ರ ನಡೆಸುವವರು ಮತ್ತು ಚಾಲಕರು, 9 ಪ್ರಾಥಮಿಕ ಶ್ರಮದ ಕೆಲಸಗಳು. ವಿಭಾಗದ ಜೊತೆಗೆ ಕೌಶಲದ ಮಟ್ಟವೂ ಕೂಡಿಕೊಂಡಿದೆ: 9ಕ್ಕೆ ಮೊದಲ ಮಟ್ಟ (10 ವರ್ಷದವರೆಗಿನ ಶಾಲೆ), 4ರಿಂದ 8ಕ್ಕೆ ಎರಡನೇ ಮಟ್ಟ (11ರಿಂದ 13 ವರ್ಷ), 3ಕ್ಕೆ ಮೂರನೇ ಮಟ್ಟ (14–15 ವರ್ಷ), 2ಕ್ಕೆ ನಾಲ್ಕನೇ ಮಟ್ಟ (15ಕ್ಕಿಂತ ಹೆಚ್ಚು). ವಿಭಾಗ 1ಕ್ಕೆ ಮಟ್ಟ ಹೇಳಿಲ್ಲ. ಶಾಲೆಗೆ ಹೋಗದೆ ಕೆಲಸದಲ್ಲೇ ಕಲಿತ ಕೌಶಲವನ್ನೂ ಈ ಮಟ್ಟಗಳು ಲೆಕ್ಕಕ್ಕೆ ಹಿಡಿಯುತ್ತವೆ. ಕಿನ್ನಾಳದಲ್ಲಿ ಮರದ ಗೊಂಬೆ ಕೆತ್ತುವವರು ಎಷ್ಟನೇ ತರಗತಿ ಓದಿದ್ದಾರೆ ಎಂಬುದರ ಮೇಲೆ ಅವರನ್ನು 9ಕ್ಕೆ ಇಳಿಸುವಂತಿಲ್ಲ; ಅವರ ಜಾಗ 7317, ಮರದ ಕರಕುಶಲಕರ್ಮಿಗಳು.

ಜೀನ್ಸ್ ಘಟಕದಲ್ಲಿ ಒಂದು ಸುತ್ತು

ಸಂಕೇತ ಹುಡುಕುವಾಗ ಕೆಲಸದ ಹೆಸರಿನಿಂದ ಶುರು ಮಾಡಬೇಡಿ. ಮೊದಲು ನಾಲ್ಕು ಪ್ರಶ್ನೆ ಕೇಳಿ, ಉತ್ತರವನ್ನು ಕನ್ನಡದಲ್ಲೇ ಬರೆದುಕೊಳ್ಳಿ: ಬೆಳಿಗ್ಗೆಯಿಂದ ಸಂಜೆವರೆಗೆ ಯಾವ ಕೆಲಸಕ್ಕೆ ಹೆಚ್ಚು ಹೊತ್ತು ಹೋಗುತ್ತದೆ? ಯಾವ ಯಂತ್ರ ಅಥವಾ ಉಪಕರಣ? ಕೈಯಿಂದ ಹೊರಬೀಳುವ ವಸ್ತು ಏನು, ಪೂರ್ತಿಯೋ ಅರ್ಧವೋ? ತಪ್ಪಾದರೆ ಯಾರು ತಿದ್ದುತ್ತಾರೆ? ಈ ನಾಲ್ಕನೇ ಪ್ರಶ್ನೆಯನ್ನು ಬಹಳ ಮಂದಿ ಬಿಟ್ಟುಬಿಡುತ್ತಾರೆ. ಮೇಲ್ವಿಚಾರಕರು ಯಾರು, ಕೆಲಸಗಾರರು ಯಾರು ಎಂದು ಬೇರ್ಪಡುವುದೇ ಅದರಿಂದ.

ಈಗ ಘಟಕದೊಳಗೆ ಬನ್ನಿ. ಮಾರ್ಕರ್ ಹಾಕಿ ಪದರ ಪದರ ಡೆನಿಮ್ ಕತ್ತರಿಸುವ ಕಟ್ಟಿಂಗ್ ಮಾಸ್ಟರ್ 7532. ಸಾಲಿನಲ್ಲಿ ಕೂತು ದಿನಕ್ಕೆ ನೂರಾರು ಜೇಬನ್ನೋ ಸೈಡ್ ಹೊಲಿಗೆಯನ್ನೋ ಮಾತ್ರ ಹೊಲಿಯುವವರು 8153, ಹೊಲಿಗೆ ಯಂತ್ರದ ಆಪರೇಟರ್. ಅದೇ ಊರಿನಲ್ಲಿ ಅಂಗಡಿ ಇಟ್ಟು ಅಳತೆ ತೆಗೆದು, ಕತ್ತರಿಸಿ, ಹೊಲಿದು, ಟ್ರಯಲ್ ನೋಡಿ ಕೊಡುವವರು 7531, ಟೇಲರ್. ಇಬ್ಬರ ಮುಂದೆಯೂ ಇರುವುದು ಹೊಲಿಗೆ ಯಂತ್ರವೇ. ವಿಭಾಗ ಮಾತ್ರ 7 ಮತ್ತು 8. ಪೂರ್ತಿ ಉಡುಪು ತಯಾರಿಸುವ ಕಸುಬು ಒಬ್ಬರದು, ಒಂದೇ ಹಂತವನ್ನು ಯಂತ್ರದ ವೇಗದಲ್ಲಿ ಮುಗಿಸುವ ಕೆಲಸ ಇನ್ನೊಬ್ಬರದು. ಮಾರ್ಗದರ್ಶನಕ್ಕೆ ಇದು ಬಹಳ ಮುಖ್ಯ: ಮುಂದೆ ಸ್ವಂತ ಅಂಗಡಿ ಹಾಕಬೇಕೆನ್ನುವ ಹುಡುಗಿಯನ್ನು ಆಪರೇಟರ್ ಕೋರ್ಸಿಗೆ ಕಳಿಸಿದರೆ ಆಕೆ ಕಟಿಂಗ್ ಕಲಿಯದೆ ಹೊರಬರುತ್ತಾಳೆ.

ವಾಷಿಂಗ್ ಘಟಕದಲ್ಲಿ ಎಡವುವವರು ಜಾಸ್ತಿ. ಪಿಡಿಎಫ್‌ನಲ್ಲಿ ಬಟ್ಟೆ ಒಗೆಯುವುದು ಎಂದು ಹುಡುಕಿದರೆ 8157ಕ್ಕೆ ಹೋಗಿ ನಿಲ್ಲುತ್ತೀರಿ. ಅದು ಲಾಂಡ್ರಿ, ಡ್ರೈಕ್ಲೀನಿಂಗ್ ಅಂಗಡಿಯ ಯಂತ್ರದವರಿಗೆ. ಹೊಸ ಜೀನ್ಸ್‌ಗೆ ಬ್ಲೀಚ್, ಬಣ್ಣ, ಸ್ಟೋನ್ ವಾಷ್ ಕೊಡುವುದು ಉತ್ಪಾದನೆಯ ಒಂದು ಹಂತ. ಅದರ ಜಾಗ 8154, ಬ್ಲೀಚಿಂಗ್ ಮತ್ತು ಡೈಯಿಂಗ್ ಯಂತ್ರ ನಡೆಸುವವರು. ಇವರಿಗೆ ರಾಸಾಯನಿಕಗಳ ತಿಳಿವಳಿಕೆ, ಕೈಗವಸು, ನೀರಿನ ಸಂಸ್ಕರಣೆ ಎಲ್ಲ ಬೇಕು. ಲಾಂಡ್ರಿಯ ವಿವರಣೆ ಓದಿಸಿದರೆ ಆ ಕೆಲಸದ ಅಪಾಯವೇ ವಿದ್ಯಾರ್ಥಿಯ ಕಣ್ಣಿಗೆ ಬೀಳುವುದಿಲ್ಲ.

ಉಳಿದವರಲ್ಲಿ ಚೆಕಿಂಗ್ ಮಾಡುವವರು 7543, ಕೈಯಿಂದ ಪ್ಯಾಕ್ ಮಾಡುವವರು 9321, ಬಂಡಲ್ ಏರಿಸಿ ಇಳಿಸುವ ಹಮಾಲರು 9333, ಯಂತ್ರ ರಿಪೇರಿಯವರು 7233, ಲೈನ್ ಸೂಪರ್‌ವೈಸರ್ 3122. ಮಾಲೀಕರ ವಿಷಯಕ್ಕೆ ಬಂದರೆ, ನಲವತ್ತು ಜನರನ್ನಿಟ್ಟುಕೊಂಡು ಆರ್ಡರ್, ಹಣ, ಉತ್ಪಾದನೆ ನೋಡಿಕೊಳ್ಳುವವರು 1321. ಮನೆಯ ಮುಂದಿನ ಕೋಣೆಯಲ್ಲಿ ನಾಲ್ಕು ಯಂತ್ರ ಹಾಕಿ, ಒಂದರ ಮೇಲೆ ತಾವೇ ದಿನವಿಡೀ ಕೂರುವವರು ಮಾಲೀಕರೇ ಆದರೂ ಹೊಲಿಗೆಯ ಸಂಕೇತಕ್ಕೇ ಸೇರುತ್ತಾರೆ. ಒಡೆತನವಾಗಲಿ, ಸಂಬಳವಾಗಲಿ, ಕಾಯಂ-ಗುತ್ತಿಗೆ ಎಂಬುದಾಗಲಿ ಉದ್ಯೋಗದ ಸಂಕೇತವನ್ನು ಬದಲಿಸುವುದಿಲ್ಲ.

ಪಿಡಿಎಫ್‌ನಲ್ಲಿ ಹುಡುಕುವಾಗ ಒಂದು ಸೂಕ್ಷ್ಮ. ಅಲ್ಲಿನ ಇಂಗ್ಲಿಷ್ ಹೆಸರುಗಳು ತಿರುಗುಮುರುಗಾಗಿರುತ್ತವೆ: ಮೊದಲು ಮುಖ್ಯ ಪದ, ಅಲ್ಪವಿರಾಮ, ಆಮೇಲೆ ವಿಶೇಷಣ. ‘ಜನರಲ್ ಫಿಟ್ಟರ್’ ಎಂದು ಹುಡುಕಿದರೆ ಏನೂ ಸಿಗದು. ‘ಫಿಟ್ಟರ್, ಜನರಲ್’ ಎಂದು ಹುಡುಕಿದರೆ 7233.0100 ಸಿಗುತ್ತದೆ. ಸಿಕ್ಕ ಮೊದಲ ಹೆಸರಿಗೇ ನಿಲ್ಲಬೇಡಿ. ಕುಟುಂಬದ ತಲೆಬರಹದ ಕೆಳಗಿನ ವಿವರಣೆ ಓದಿ, ನೀವು ಬರೆದುಕೊಂಡ ನಾಲ್ಕು ಉತ್ತರಗಳಲ್ಲಿ ಮೂರಾದರೂ ಅದಕ್ಕೆ ಹೊಂದುತ್ತವೆಯೇ ನೋಡಿ.

ಒಬ್ಬರಿಗೆ ಎರಡು ಕೆಲಸವಿದ್ದರೆ

ಇದಕ್ಕೆ ವರ್ಗೀಕರಣದಲ್ಲೇ ನಿಯಮಗಳಿವೆ. ಒಂದೇ ಹುದ್ದೆಯಲ್ಲಿ ಎರಡು ಬಗೆಯ ಕೆಲಸ ಕೂಡಿದ್ದರೆ ಹೆಚ್ಚು ಕೌಶಲ ಬೇಡುವುದು ಗೆಲ್ಲುತ್ತದೆ. ತಯಾರಿಕೆ ಮತ್ತು ಮಾರಾಟ ಎರಡೂ ಇದ್ದರೆ ತಯಾರಿಕೆ ಗೆಲ್ಲುತ್ತದೆ: ಬ್ರೆಡ್ ಸುಟ್ಟು ತಾವೇ ಮಾರುವವರು ಬೇಕರಿಯವರು, 7512. ಹಾಗಾದರೆ ಮಿರ್ಚಿ-ಮಂಡಕ್ಕಿ ಬಂಡಿಯವರು? ಅವರೂ ಕರಿದು ಮಾರುತ್ತಾರಲ್ಲ ಎಂದು ವಾದಿಸಬಹುದು. ಆದರೆ ಬೀದಿಬದಿಯ ತಿಂಡಿ ಮಾರಾಟಕ್ಕೆ 5212 ಎಂಬ ಪ್ರತ್ಯೇಕ ಕುಟುಂಬವನ್ನೇ ಇಟ್ಟಿದ್ದಾರೆ. ನಿರ್ದಿಷ್ಟ ಕುಟುಂಬ ಇರುವಾಗ ಸಾಮಾನ್ಯ ನಿಯಮಕ್ಕೆ ಹೋಗುವ ಅಗತ್ಯವಿಲ್ಲ.

ಮೆಡಿಕಲ್ ಶಾಪ್ ಇನ್ನೊಂದು ಒಳ್ಳೆಯ ಉದಾಹರಣೆ. ಗೋಡೆಯ ಮೇಲೆ ನೋಂದಣಿ ಪ್ರಮಾಣಪತ್ರ ತೂಗುಹಾಕಿದವರು 2262, ಔಷಧ ತಜ್ಞರು. ಕೌಂಟರಿನಲ್ಲಿ ಮಾತ್ರೆ ತೆಗೆದುಕೊಟ್ಟು ಬಿಲ್ ಮಾಡುವ ಹುಡುಗ 5223, ಅಂಗಡಿಯ ಮಾರಾಟ ಸಹಾಯಕ. ‘ಮೆಡಿಕಲ್‌ನಲ್ಲಿ ಐದು ವರ್ಷದ ಅನುಭವ’ ಎಂದು ಆತ ಹೇಳಿಕೊಂಡರೂ ಔಷಧ ತಜ್ಞನ ಹುದ್ದೆಗೆ ಅದು ಅರ್ಹತೆ ಆಗುವುದಿಲ್ಲ. ಕನಿಷ್ಠ ಡಿ.ಫಾರ್ಮಾ ಓದಿ ರಾಜ್ಯ ಫಾರ್ಮಸಿ ಕೌನ್ಸಿಲ್‌ನಲ್ಲಿ ನೋಂದಾಯಿಸಲೇಬೇಕು.

‘ಆಪರೇಟರ್’ ಎಂಬ ಮಾತು ಕಂಡಲ್ಲಿ ಎಚ್ಚರ. ಜೆಸಿಬಿ ಆಪರೇಟರ್ 8342. ಸಿಂಧನೂರು ಕಡೆ ಭತ್ತ ಕಟಾವಿಗೆ ಬರುವ ಹಾರ್ವೆಸ್ಟರ್ ನಡೆಸುವವರು 8341. ಅಕ್ಕಿ ಗಿರಣಿಯ ಪಾಲಿಶಿಂಗ್ ಯಂತ್ರದವರು 8160, ಅದೇ ಗಿರಣಿಯ ಬಾಯ್ಲರ್‌ನವರು 8182. ‘ಕಂಪ್ಯೂಟರ್ ಆಪರೇಟರ್’ ಬಹುತೇಕ 4132, ಡೇಟಾ ಎಂಟ್ರಿ. ಶಕ್ತಿನಗರದ ಶಾಖೋತ್ಪನ್ನ ಕೇಂದ್ರದ ಕಂಟ್ರೋಲ್ ರೂಮಿನಲ್ಲಿ ಘಟಕ ನಡೆಸುವವರು 3131. ತೋರಣಗಲ್ಲಿನಂಥ ಉಕ್ಕಿನ ಕಾರ್ಖಾನೆಯಲ್ಲಿ ಪರದೆಯ ಮುಂದೆ ಕೂತು ಇಡೀ ಪ್ರಕ್ರಿಯೆ ನಿಯಂತ್ರಿಸುವವರು 3135, ಕುಲುಮೆಯ ಬಳಿ ಯಂತ್ರ ನಡೆಸುವವರು 8121. ಒಂದೇ ಬಿರುದಿನ ಕೆಳಗೆ 3, 4, 8 ಮೂರು ವಿಭಾಗಗಳಿವೆ. 3ರಲ್ಲಿರುವ ಕೆಲಸಕ್ಕೆ ಸಾಮಾನ್ಯವಾಗಿ ಡಿಪ್ಲೊಮಾ ಬೇಕು. 8ಕ್ಕೆ ಐಟಿಐ ಅಥವಾ ಕೆಲಸದಲ್ಲೇ ಕಲಿಕೆ ಸಾಕಾಗಬಹುದು. ಜಾಹೀರಾತಿನಲ್ಲಿ ‘ಆಪರೇಟರ್ ಬೇಕಾಗಿದ್ದಾರೆ’ ಎಂದಷ್ಟೇ ಇದ್ದರೆ ಫೋನ್ ಮಾಡಿ ಯಾವ ಯಂತ್ರ ಎಂದು ಕೇಳಿ.

ಹಟ್ಟಿ, ಸಂಡೂರು ಕಡೆಯ ಗಣಿ ಕೆಲಸಗಳಲ್ಲೂ ಹೀಗೆಯೇ: ಗಣಿ ಕಾರ್ಮಿಕರು 8111, ಅದಿರು ಸಂಸ್ಕರಣ ಘಟಕದವರು 8112, ಸ್ಫೋಟ ನಡೆಸುವವರು 7542, ಗಣಿ ಮೇಲ್ವಿಚಾರಕರು 3121, ಗಣಿ ಎಂಜಿನಿಯರ್ 2146. ಹೊಲದಲ್ಲಾದರೆ ತನ್ನ ಭತ್ತ, ಹತ್ತಿ ಬೆಳೆಯುವ ರೈತ 6111, ಕೂಲಿಗೆ ಹೋಗುವವರು 9211. ಎರಡೂ ಮಾಡುವ ಮನೆಗಳೇ ನಮ್ಮಲ್ಲಿ ಹೆಚ್ಚು. ಕಳೆದ ಒಂದು ವರ್ಷದಲ್ಲಿ ಹೆಚ್ಚು ದಿನ ಯಾವುದಕ್ಕೆ ಹೋಯಿತು ಎಂದು ಕೇಳಿ ಅದನ್ನು ಮುಖ್ಯವಾಗಿ ಬರೆಯಿರಿ, ಇನ್ನೊಂದನ್ನು ಪಕ್ಕದಲ್ಲಿ ಗುರುತಿಸಿ.

ಎಲ್ಲೂ ಹೊಂದದ ಕೆಲಸಗಳೂ ಇರುತ್ತವೆ. ಕೊಪ್ಪಳದ ಭಾಗ್ಯನಗರದಲ್ಲಿ ತಲೆಗೂದಲು ಬಿಡಿಸಿ, ಅಳತೆಗೆ ತಕ್ಕಂತೆ ವಿಂಗಡಿಸುವಂಥ ಕೆಲಸಕ್ಕೆ ಎಂಟು ಅಂಕಿಯ ಹೆಸರು ಸಲೀಸಾಗಿ ಸಿಗದಿದ್ದರೆ ಎಳೆದು ತಂದು ಕೂರಿಸಬೇಡಿ. ನಾಲ್ಕು ಅಂಕಿಗೆ, ಅದೂ ಆಗದಿದ್ದರೆ ಮೂರು ಅಂಕಿಗೆ ನಿಲ್ಲಿಸಿ, ಕೆಲಸದ ವಿವರಣೆಯನ್ನು ಕನ್ನಡದಲ್ಲಿ ಎರಡು ವಾಕ್ಯ ಬರೆದಿಡಿ. 9ರಲ್ಲಿ ಕೊನೆಯಾಗುವ 7549, 8189, 9329ರಂಥ ‘ಇತರೆ’ ಕುಟುಂಬಗಳು ಇಂಥದ್ದಕ್ಕೇ ಇವೆ. ಆದರೆ ನಿಮ್ಮ ಪಟ್ಟಿಯಲ್ಲಿ ಹತ್ತರಲ್ಲಿ ಎರಡಕ್ಕಿಂತ ಹೆಚ್ಚು ‘ಇತರೆ’ ಬಂದರೆ, ಕೆಲಸ ಕೇಳಿ ಬರೆದುಕೊಂಡಿದ್ದೇ ಸಾಲದಾಗಿದೆ ಎಂದು ತಿಳಿಯಿರಿ.

ಎಕ್ಸೆಲ್ ನುಂಗುವ ಸೊನ್ನೆಗಳು, ಹಳೆ ಪಟ್ಟಿಯ ಅಂಕಿಗಳು

ಸಂಕೇತಗಳನ್ನು ಎಕ್ಸೆಲ್‌ಗೆ ಹಾಕಿದ ಕೂಡಲೇ ಆಗುವ ಅನಾಹುತ: 7411.0100 ಎಂದು ಟೈಪ್ ಮಾಡಿ ಎಂಟರ್ ಒತ್ತಿದರೆ ಅದು 7411.01 ಆಗಿಬಿಡುತ್ತದೆ. ಎನ್‌ಐಸಿಯ 01632 ಕೂಡ 1632 ಆಗುತ್ತದೆ. ಎಕ್ಸೆಲ್ ಇವನ್ನು ಸಂಖ್ಯೆ ಎಂದು ತಿಳಿಯುವುದೇ ಕಾರಣ. ಟೈಪ್ ಮಾಡುವ ಮೊದಲೇ ಆ ಕಾಲಂ ಆಯ್ದು, ಫಾರ್ಮ್ಯಾಟ್ ಅನ್ನು ‘ಟೆಕ್ಸ್ಟ್’ ಮಾಡಿ. ಆಮೇಲೆ ಮಾಡಿದರೆ ಹೋದ ಸೊನ್ನೆ ವಾಪಸ್ ಬರುವುದಿಲ್ಲ. ಒಂದೆರಡೇ ಇದ್ದರೆ ಮುಂದೆ ಒಂದು ಅಪಾಸ್ಟ್ರಫಿ ಹಾಕಿದರೂ ಸಾಕು. ಸಿಎಸ್‌ವಿ ಫೈಲನ್ನು ನೇರವಾಗಿ ಡಬಲ್ ಕ್ಲಿಕ್ ಮಾಡಿ ತೆರೆದರೆ ಮತ್ತೆ ಅದೇ ಕಥೆ. ಡೇಟಾ ಮೆನುವಿನಿಂದ ಇಂಪೋರ್ಟ್ ಮಾಡಿಕೊಳ್ಳಬೇಕು.

ಎರಡನೆಯ ತೊಡಕು ಹಳೆಯ ಪಟ್ಟಿಯದು. ಗ್ರಂಥಾಲಯದ ಕಪಾಟಿನಲ್ಲಿ ಎನ್‌ಸಿಒ 2004 ಇನ್ನೂ ಕೂತಿರಬಹುದು. ಅದರಲ್ಲಿ 2,945 ಉದ್ಯೋಗ, ಆರು ಅಂಕಿಯ ಸಂಕೇತ. ಅದು ಹಿಂದಿನ ಅಂತರರಾಷ್ಟ್ರೀಯ ಪಟ್ಟಿ ಐಎಸ್‌ಸಿಒ 88 ಅನುಸರಿಸಿದ್ದರಿಂದ ಕುಟುಂಬದ ಅಂಕಿಗಳೇ ಬೇರೆ: ಟೇಲರ್ ಅಲ್ಲಿ 7433, ಈಗ 7531, ಹೊಲಿಗೆ ಆಪರೇಟರ್ 8263, ಈಗ 8153, ಕಟ್ಟಡ ಎಲೆಕ್ಟ್ರಿಷಿಯನ್ 7137, ಈಗ 7411. ಗಣಿ ಕಾರ್ಮಿಕರಂತೂ 7111ರಿಂದ 8111ಕ್ಕೆ ವಿಭಾಗವನ್ನೇ ದಾಟಿದ್ದಾರೆ. ವೆಲ್ಡರ್ ಮಾತ್ರ ಎರಡರಲ್ಲೂ 7212. ಅದನ್ನು ನೋಡಿ ‘ಎಲ್ಲಾ ಒಂದೇ’ ಅಂದುಕೊಂಡವರು ಕೆಡುತ್ತಾರೆ. ಸಂಕೇತ ಬರೆದ ಕಡೆಯೆಲ್ಲ ಪಕ್ಕದಲ್ಲಿ 2004 ಅಥವಾ 2015 ಎಂದು ವರ್ಷವನ್ನೂ ಬರೆಯುವುದು ರೂಢಿಯಾಗಲಿ. ಹಳೆಯದನ್ನು ಹೊಸದಕ್ಕೆ ಬದಲಿಸುವಾಗ ಊಹೆ ಬೇಡ, ಮೊದಲ ಸಂಪುಟದ ಹೊಂದಾಣಿಕೆ ಪಟ್ಟಿ ನೋಡಿ.

ಕೆಲಸದಿಂದ ಕೋರ್ಸಿಗೆ

ಸಂಕೇತ ಸಿಕ್ಕಿತು. ಈಗ ಆ ಕೆಲಸಕ್ಕೆ ಯಾವ ತರಬೇತಿ? ಇದಕ್ಕೆ ಎನ್‌ಸಿಒ ಉತ್ತರ ಕೊಡುವುದಿಲ್ಲ. ಎನ್‌ಕ್ಯೂಆರ್, ಅಂದರೆ ರಾಷ್ಟ್ರೀಯ ಅರ್ಹತೆಗಳ ರಿಜಿಸ್ಟರ್‌ಗೆ ಹೋಗಬೇಕು. ಅಲ್ಲಿ ಒಂದೊಂದು ಜಾಬ್ ರೋಲ್‌ಗೂ ಒಂದು ಕಡತ ಇರುತ್ತದೆ. ಹೊಲಿಗೆ ಆಪರೇಟರ್‌ನದು ಎಎಂಎಚ್/ಕ್ಯೂ0301. ಇಡೀ ಕಡತ ಓದಬೇಕಿಲ್ಲ. ನಾಲ್ಕು ಕಡೆ ಕಣ್ಣು ಹಾಯಿಸಿ: ಎನ್‌ಸಿಒ ಸಂಕೇತ ನಿಮ್ಮದಕ್ಕೆ ಹೊಂದುತ್ತದೆಯೇ, ಎನ್‌ಎಸ್‌ಕ್ಯೂಎಫ್ (ರಾಷ್ಟ್ರೀಯ ಕೌಶಲ ಅರ್ಹತೆಗಳ ಚೌಕಟ್ಟು) ಮಟ್ಟ ಎಷ್ಟು, ಸೇರಲು ಕನಿಷ್ಠ ಓದು ಮತ್ತು ಅನುಭವ ಎಷ್ಟು, ಅದರ ಅವಧಿ ಮುಗಿಯುವ ದಿನಾಂಕ ಯಾವುದು. ಅವಧಿ ಮುಗಿದ ಅರ್ಹತೆಯ ಹೆಸರಿನಲ್ಲಿ ಕೋರ್ಸ್ ಇದೆ ಎಂದು ಬೋರ್ಡ್ ಹಾಕಿಕೊಂಡವರು ಸಿಗಬಹುದು. ದಿನಾಂಕ ನೋಡಿದರೆ ಒಂದೇ ನಿಮಿಷದಲ್ಲಿ ಗೊತ್ತಾಗುತ್ತದೆ. ತರಬೇತಿಯ ಗಂಟೆಗಳನ್ನೂ ಲೆಕ್ಕ ಹಾಕಿ: ಒಂದು ಕ್ರೆಡಿಟ್‌ಗೆ 30 ಗಂಟೆ.

ಎನ್‌ಎಸ್‌ಕ್ಯೂಎಫ್ ಮಟ್ಟವನ್ನು ಎನ್‌ಸಿಒದ ಕೌಶಲ ಮಟ್ಟದ ಜೊತೆ ಬೆರೆಸಬೇಡಿ. ಎನ್‌ಸಿಒದಲ್ಲಿ ಇರುವುದೇ ನಾಲ್ಕು ಮಟ್ಟ. ಎನ್‌ಎಸ್‌ಕ್ಯೂಎಫ್‌ನಲ್ಲಿ 2013ರ ಚೌಕಟ್ಟಿನಂತೆ ಹತ್ತು ಮಟ್ಟಗಳಿದ್ದವು, 2023ರ ಪರಿಷ್ಕರಣೆಯ ನಂತರ ಎಂಟು, ನಡುನಡುವೆ ಅರ್ಧ ಮಟ್ಟಗಳು. ಹಾಗಾಗಿ ‘ಮಟ್ಟ 4’ ಎಂಬುದು ಯಾವ ಅಳತೆಗೋಲಿನದು, ಯಾವ ವರ್ಷದ್ದು ಎಂದು ನೋಡದೆ ಹೋಲಿಸಿದರೆ ಐಟಿಐ ಮುಗಿಸಿದವನನ್ನು ಎಂ.ಟೆಕ್. ಪಕ್ಕಕ್ಕೆ ಕೂರಿಸಿದ ಹಾಗಾದೀತು.

ಐಟಿಐಗೆ ಹೋಗುವವರಿಗೆ ಇನ್ನೂ ನೇರವಾದ ದಾರಿ ಇದೆ. ತರಬೇತಿ ಮಹಾನಿರ್ದೇಶನಾಲಯ ಪ್ರತಿ ಟ್ರೇಡಿನ ಪಠ್ಯಕ್ರಮವನ್ನು ಪಿಡಿಎಫ್ ಆಗಿ ಇಟ್ಟಿದೆ. ಅವಧಿ, ಪ್ರವೇಶದ ಅರ್ಹತೆ, ಎನ್‌ಸಿಒ ಸಂಕೇತ, ಬೇಕಾದ ಉಪಕರಣಗಳ ಪಟ್ಟಿ ಎಲ್ಲ ಅದರಲ್ಲೇ ಇವೆ. ಫಿಟ್ಟರ್, ಎಲೆಕ್ಟ್ರಿಷಿಯನ್ ಎರಡು ವರ್ಷ. ವೆಲ್ಡರ್, ಕೋಪಾ (ಕಂಪ್ಯೂಟರ್ ಆಪರೇಟರ್ ಟ್ರೇಡ್) ಒಂದು ವರ್ಷ. ಉಪಕರಣಗಳ ಪಟ್ಟಿಯನ್ನು ಮುದ್ರಿಸಿಕೊಂಡು ಪ್ರವೇಶಕ್ಕೆ ಮೊದಲೇ ಸಂಸ್ಥೆಯ ವರ್ಕ್‌ಶಾಪ್‌ಗೆ ಒಮ್ಮೆ ಹೋಗಿ ಬನ್ನಿ. ಪಟ್ಟಿಯಲ್ಲಿರುವ ಯಂತ್ರ ಅಲ್ಲಿ ಇದೆಯೇ, ಇದ್ದರೆ ಓಡುತ್ತಿದೆಯೇ ಎಂದು ನೋಡಿದರೆ ಮಾಹಿತಿ ಪುಸ್ತಿಕೆ ಹೇಳದ್ದೂ ತಿಳಿಯುತ್ತದೆ. ಎರಡು ವರ್ಷದ ಐಟಿಐ ಮುಗಿಸಿದವರಿಗೆ ಡಿಪ್ಲೊಮಾದ ಎರಡನೇ ವರ್ಷಕ್ಕೆ ನೇರ ಪ್ರವೇಶದ ದಾರಿ ಇದೆ. ಡಿಪ್ಲೊಮಾದವರು ಡಿಸಿಇಟಿ ಎಂಬ ಪ್ರವೇಶ ಪರೀಕ್ಷೆ ಬರೆದು ಎಂಜಿನಿಯರಿಂಗ್‌ನ ಎರಡನೇ ವರ್ಷಕ್ಕೆ ಹೋಗಬಹುದು. ವಿಭಾಗ 7ರಿಂದ 3ಕ್ಕೆ, 3ರಿಂದ 2ಕ್ಕೆ ಏರುವ ಏಣಿ ಇದು. ಒಂದು ವರ್ಷದ ಟ್ರೇಡ್ ಆಯ್ದುಕೊಳ್ಳುವ ಮುನ್ನ ಈ ವ್ಯತ್ಯಾಸವನ್ನು ವಿದ್ಯಾರ್ಥಿಗೂ ಮನೆಯವರಿಗೂ ಹೇಳಲೇಬೇಕು.

ಪ್ರಮಾಣಪತ್ರವಿದ್ದೂ ಪರವಾನಗಿ ಇಲ್ಲದೆ ಕೆಲಸ ನಿಲ್ಲುವ ಉದ್ಯೋಗಗಳಿವೆ. ಬಾಯ್ಲರ್ ನೋಡಿಕೊಳ್ಳುವವರಿಗೆ ಬಾಯ್ಲರ್ ಅಟೆಂಡೆಂಟ್ ಸಾಮರ್ಥ್ಯ ಪ್ರಮಾಣಪತ್ರ, ವೈರಿಂಗ್‌ಗೆ ವಿದ್ಯುತ್ ಪರಿವೀಕ್ಷಣಾಲಯದ ವೈರ್‌ಮನ್ ಪರವಾನಗಿ, ಗಣಿಯ ಫೋರ್‌ಮನ್‌ಗೆ ಗಣಿ ಸುರಕ್ಷತಾ ಮಹಾನಿರ್ದೇಶನಾಲಯದ ಪ್ರಮಾಣಪತ್ರ, ನರ್ಸ್‌ಗೆ ನರ್ಸಿಂಗ್ ಕೌನ್ಸಿಲ್ ನೋಂದಣಿ ಬೇಕು. ಲಾರಿ ಓಡಿಸಲು 20 ವರ್ಷ ತುಂಬಿರಬೇಕು, ಅದಕ್ಕೂ ಮುನ್ನ ಲಘು ವಾಹನದ ಲೈಸೆನ್ಸ್ ಒಂದು ವರ್ಷವಾದರೂ ಕೈಯಲ್ಲಿರಬೇಕು. ವರ್ಗೀಕರಣದ ಪುಸ್ತಕದಲ್ಲಿ ಇವು ಇರುವುದಿಲ್ಲ. ನೀವೇ ಸೇರಿಸಿಕೊಳ್ಳಬೇಕು.

ಆಸಕ್ತಿಯ ಪರೀಕ್ಷೆ

ಇಂಟರ್ನೆಟ್ಟಿನಲ್ಲಿ ದುಡ್ಡು ಕೇಳುವ ‘ಆಪ್ಟಿಟ್ಯೂಡ್ ಟೆಸ್ಟ್’ಗಳಿಗೆ ಬರವಿಲ್ಲ. ಅಮೆರಿಕದ ಕಾರ್ಮಿಕ ಇಲಾಖೆಯ ಓನೆಟ್‌ನಲ್ಲಿರುವ ಇಂಟರೆಸ್ಟ್ ಪ್ರೊಫೈಲರ್ ಉಚಿತ. 60 ಪ್ರಶ್ನೆ, ಆರು ಒಲವುಗಳು: ಕೈಕೆಲಸ, ಹುಡುಕಾಟ, ಕಲೆ, ಜನರ ಒಡನಾಟ, ವ್ಯವಹಾರ, ಲೆಕ್ಕ-ಕ್ರಮ. ಮನಶ್ಶಾಸ್ತ್ರಜ್ಞ ಜಾನ್ ಹಾಲೆಂಡ್ ಅವರ ಸಿದ್ಧಾಂತದ ಮೇಲೆ ಕಟ್ಟಿದ್ದು. ಪ್ರತಿ ಒಲವಿಗೆ 10 ಪ್ರಶ್ನೆ, ಹೆಚ್ಚೆಂದರೆ 40 ಅಂಕ.

ಪ್ರಶ್ನೆಗಳು ಇಂಗ್ಲಿಷ್‌ನಲ್ಲಿವೆ, ಸಂದರ್ಭಗಳು ಅಲ್ಲಿನವು. ಅಡುಗೆಮನೆಯ ಕಪಾಟು ಮಾಡುವುದು ಇಷ್ಟವೇ ಎಂದರೆ ಮಾನ್ವಿಯ ವಿದ್ಯಾರ್ಥಿಗೆ ಏನೂ ಹೊಳೆಯದಿರಬಹುದು. ಬಡಗಿ ಕೆಲಸ ಎಂದು ಬಾಯಲ್ಲೇ ಬಿಡಿಸಿ ಹೇಳಿ. ಆದರೆ ‘ಇದರಲ್ಲಿ ಎಷ್ಟು ಸಂಬಳ’ ಎಂಬ ಮಾತು ಆ ಹೊತ್ತಿಗೆ ಬರಕೂಡದು. ಬಂದರೆ ಎಲ್ಲರ ಉತ್ತರವೂ ಒಂದೇ ಕಡೆ ವಾಲುತ್ತದೆ. ಅಪ್ಪ-ಅಮ್ಮ ಪಕ್ಕದಲ್ಲಿ ಕೂತಿದ್ದರೂ ಅದೇ ಆಗುತ್ತದೆ. ಆರೂ ಒಲವಿನ ಅಂಕಗಳು ಹತ್ತಿರ ಹತ್ತಿರ ಇದ್ದರೆ, ಉದಾಹರಣೆಗೆ ಎಲ್ಲವೂ 20ರಿಂದ 24ರ ಒಳಗಿದ್ದರೆ, ಆ ಫಲಿತಾಂಶದ ಮೇಲೆ ಏನನ್ನೂ ಕಟ್ಟಬೇಡಿ. ಆ ವಿದ್ಯಾರ್ಥಿ ಇನ್ನೂ ಕೆಲಸಗಳನ್ನೇ ನೋಡಿಲ್ಲ ಎಂದರ್ಥ. ಒಂದು ಜಿನ್ನಿಂಗ್ ಮಿಲ್‌ಗೆ, ಒಂದು ಆಸ್ಪತ್ರೆಯ ಲ್ಯಾಬ್‌ಗೆ ಕರೆದೊಯ್ದು ಮೂರು ತಿಂಗಳ ನಂತರ ಮತ್ತೆ ಮಾಡಿಸಿ. ಈ ಪರೀಕ್ಷೆ ಅಳೆಯುವುದು ಒಲವನ್ನು, ಸಾಮರ್ಥ್ಯವನ್ನಲ್ಲ. ಓನೆಟ್ ತೋರಿಸುವ ಸಂಬಳ, ಬೇಡಿಕೆಯ ಅಂಕಿಗಳು ಅಮೆರಿಕದವು, ಅವನ್ನು ರೂಪಾಯಿಗೆ ಗುಣಿಸಿ ಹೇಳುವುದು ಮೋಸ. ಅಲ್ಲಿಂದ ತರಬೇಕಾದದ್ದು ಕೆಲಸದ ವಿವರಣೆಯೊಂದನ್ನೇ. ಅದರಲ್ಲಿ ಮಾತ್ರ ಅದು ಎನ್‌ಸಿಒಗಿಂತ ಎಷ್ಟೋ ವಿಸ್ತಾರ.

ಇಲ್ಲಿನವರು ಮರೆಯಬಾರದ ಕಾಗದ

ಸರ್ಕಾರಿ ಹುದ್ದೆ ಎಂದರೆ ಸಂವಿಧಾನದ 371(ಜೆ) ವಿಧಿ ಬಿಟ್ಟು ಮಾತಾಡುವಂತಿಲ್ಲ. ಬಳ್ಳಾರಿ, ವಿಜಯನಗರ, ರಾಯಚೂರು, ಕೊಪ್ಪಳ ಸೇರಿ ಕಲ್ಯಾಣ ಕರ್ನಾಟಕದ ಏಳು ಜಿಲ್ಲೆಗಳ ಸ್ಥಳೀಯರಿಗೆ ಈ ಭಾಗದ ಹುದ್ದೆಗಳಲ್ಲಿ ಗ್ರೂಪ್ ಡಿಗೆ 85, ಸಿಗೆ 80, ಬಿ ಮತ್ತು ಎ ಕಿರಿಯ ಶ್ರೇಣಿಗೆ 75 ಶೇಕಡಾ ಮೀಸಲು. ಈ ಭಾಗದ ಕಾಲೇಜುಗಳಲ್ಲಿ 70, ರಾಜ್ಯದ ಉಳಿದೆಡೆ 8 ಶೇಕಡಾ ಸೀಟು. ಅರ್ಹತಾ ಪತ್ರ ಕೊಡುವವರು ಉಪವಿಭಾಗದ ಸಹಾಯಕ ಆಯುಕ್ತರು. ಅರ್ಜಿ ಕರೆದ ಮೇಲೆ ಓಡಾಡಿದರೆ ಕೊನೆಯ ದಿನಾಂಕ ದಾಟುತ್ತದೆ, ಹತ್ತನೇ ತರಗತಿಯ ರಜೆಯಲ್ಲೇ ಮಾಡಿಸಿಟ್ಟುಕೊಳ್ಳಲು ಹೇಳಿ. ಅಂಕಪಟ್ಟಿ, ಆಧಾರ್, ಅರ್ಹತಾ ಪತ್ರ ಮೂರರಲ್ಲೂ ಹೆಸರಿನ ಕಾಗುಣಿತ, ಇನಿಷಿಯಲ್ ಒಂದೇ ಥರ ಇರಲಿ.

ಖಾಸಗಿ ಹುದ್ದೆಗಳಿಗೆ 2015ರಲ್ಲಿ ಶುರುವಾದ, ಕೇಂದ್ರ ಸರ್ಕಾರದ ಎನ್‌ಸಿಎಸ್ (ನ್ಯಾಷನಲ್ ಕರಿಯರ್ ಸರ್ವಿಸ್) ಪೋರ್ಟಲ್ ಇದೆ. ನೋಂದಣಿ ಉಚಿತ, ಸಹಾಯವಾಣಿ 1514. ಜಿಲ್ಲಾ ಉದ್ಯೋಗ ವಿನಿಮಯ ಕಚೇರಿಯಲ್ಲೂ ನೋಂದಾಯಿಸಿಕೊಡುತ್ತಾರೆ. ಅಲ್ಲಿ ಉದ್ಯೋಗದ ಹೆಸರು ಆಯ್ದುಕೊಳ್ಳುವಾಗ ನೀವು ಮೊದಲೇ ಹುಡುಕಿಟ್ಟ ಸಂಕೇತ ಕೈಯಲ್ಲಿರಲಿ. ‘ಎನಿ ಜಾಬ್’ ಎಂದು ತುಂಬಿದವರಿಗೆ ಕರೆ ಬರುವುದು ಕಡಿಮೆ, ಬಂದರೂ ಸಂಬಂಧವಿಲ್ಲದ್ದು. ಅಪ್ರೆಂಟಿಸ್‌ಗೆ ಬೇರೆ ಪೋರ್ಟಲ್. ಐಟಿಐ ಮುಗಿಸಿದವರು ಅದರಲ್ಲಿ ಟ್ರೇಡ್ ಹೆಸರನ್ನು ಪ್ರಮಾಣಪತ್ರದಲ್ಲಿರುವಂತೆಯೇ ಆಯ್ದುಕೊಳ್ಳಬೇಕು.

ಒಂದು ಕೆಲಸಕ್ಕೆ ಒಂದು ಹಾಳೆ

ಇಷ್ಟೆಲ್ಲ ಹುಡುಕಿದ್ದನ್ನು ಮುಂದಿನ ವರ್ಷ ಮತ್ತೆ ಹುಡುಕುವ ಹಾಗಾಗಬಾರದು. ನಿಮ್ಮ ತಾಲ್ಲೂಕಿನಲ್ಲಿ ನಿಜಕ್ಕೂ ಇರುವ 30 ಕೆಲಸ ಆಯ್ದು, ಒಂದೊಂದಕ್ಕೂ ಎ4 ಹಾಳೆಯ ಒಂದು ಮಗ್ಗುಲು ಮೀಸಲಿಡಿ. ಮೇಲೆ ಜನ ಕರೆಯುವ ಹೆಸರು, ಅದರ ಕೆಳಗೆ ಎನ್‌ಸಿಒ 2015ರ ಸಂಕೇತ. ಆಮೇಲೆ ದಿನದ ಕೆಲಸ ನಾಲ್ಕು ಸಾಲು, ಕನಿಷ್ಠ ಓದು, ಕೋರ್ಸ್ ಮತ್ತು ಅದರ ಅವಧಿ, ಬೇಕಾದ ಪರವಾನಗಿ, ದೇಹಕ್ಕೆ ಆಗುವ ಶ್ರಮ ಮತ್ತು ಅಪಾಯ, ಮುಂದೆ ಏರಬಹುದಾದ ಕೆಲಸ, ಮಾಹಿತಿ ನೋಡಿದ ದಿನಾಂಕ. ಸಂಬಳವನ್ನು ಪೆನ್ಸಿಲ್‌ನಲ್ಲಿ ಬರೆಯಿರಿ, ಅದೂ ಕನಿಷ್ಠ ಇಬ್ಬರು ಕೆಲಸಗಾರರನ್ನು ಕೇಳಿ, ಕೈಗೆ ಬರುವ ಮೊತ್ತವಾಗಿ. ಜಾಹೀರಾತಿನ ಅಂಕಿಯಲ್ಲಿ ಪಿಎಫ್, ಓಟಿ ಎಲ್ಲ ಕೂಡಿರುತ್ತದೆ. ಹಾಳೆಗಳನ್ನು ಸಂಕೇತದ ಕ್ರಮದಲ್ಲಿ ಜೋಡಿಸಿ. ಆಗ 7531ರ ಹಾಳೆ ತೆಗೆಯಲು ಹೋದವರ ಕೈಗೆ ಪಕ್ಕದ 7532 ತಾನಾಗಿ ಸಿಗುತ್ತದೆ. ಪ್ರತಿ ವರ್ಷ ಏಪ್ರಿಲ್‌ನಲ್ಲಿ, ಫಲಿತಾಂಶ ಬರುವ ಮೊದಲು, ಅರ್ಹತೆಯ ಅವಧಿ ಮತ್ತು ಪ್ರವೇಶದ ನಿಯಮ ಬದಲಾಗಿದೆಯೇ ಎಂದು ನೋಡಿ, ದಿನಾಂಕ ತಿದ್ದಿ.